ತುಮರಿಯ ಹೊಳೆಯೂ ಪರದೇಶದ ರಹದಾರಿಯೂ

ಪ್ರವಾಸವೆಂಬ ಮಾತನ್ನು ಈಗಿನವರು ಊರು ನೋಡಿಬರುವ ವಿನೋದಕ್ಕೆ ಬಳಸುತ್ತಾರೆ. ಸಂಸ್ಕೃತದಲ್ಲಿ ಅದರ ಮೂಲಾರ್ಥವು ಬೇರೆ. ‘ವಸ್’ ಧಾತುವಿಗೆ ನೆಲಸುವುದೆಂದು ಅರ್ಥ. ‘ಪ್ರ’ ಎಂಬ ಉಪಸರ್ಗವು ಸೇರಿದಾಗ ಮನೆಯನ್ನು ಬಿಟ್ಟು ದೂರದಲ್ಲಿ ನೆಲಸುವುದೆಂದಾಗುತ್ತದೆ. ಹಾಗೆ ದೂರವಿರುವ ಪತಿಯ ದಾರಿ ಕಾಯುವ ಸ್ತ್ರೀಯನ್ನು ಆಲಂಕಾರಿಕರು ಪ್ರೋಷಿತಭರ್ತೃಕೆ ಎಂದು ಕರೆದರು. ಮೇಘದೂತದ ಯಕ್ಷನು ಒಂದು ವರ್ಷದ ಮಟ್ಟಿಗೆ ಅಲಕೆಯಿಂದ ಅಗಲಿದ್ದನು. ಆದರೆ ಅವನಿಗೆ ಹಿಂತಿರುಗುವ ಕಾಲವು ಗೊತ್ತಿದ್ದಿತು. ಇಂದು ನಮ್ಮ ನಾಡಿನ ಎಷ್ಟೋ ಮನೆಗಳ ಮಕ್ಕಳು ಕಡಲಾಚೆ ದುಡಿಯುತ್ತಿದ್ದಾರೆ. ಅವರು ಮನೆಗೆ ಬರುವ ದಿನವೂ ಮರಳಿ ಹೊರಡುವ ದಿನವೂ ಕಾಗದಗಳನ್ನು ಅವಲಂಬಿಸಿವೆ. ಈ ವಿಚಾರವನ್ನು ಗೃಹಸ್ಥರಾದ ವಾಚಕರ ಮುಂದಿಡಲು ಸಾಗರದ ಸೀಮೆಯ ತುಮರಿಗಿಂತ ತಕ್ಕ ಸ್ಥಳವು ನಮಗೆ ತೋರಲಿಲ್ಲ. ಹೋಗುವುದು, ಬರುವುದು ಎಂಬುದರ ಬೆಲೆಯನ್ನು ಆ ಊರಿನವರಷ್ಟು ಬಲ್ಲವರು ವಿರಳ.

ಅಡಕೆಯ ಕೊಯ್ಲಿನ ಕಾಲದಲ್ಲಿ ನಾವು ಸಾಗರದಿಂದ ಅಲ್ಲಿಗೆ ಹೊರಟೆವು. ಇಕ್ಕೇರಿಯ ಅಘೋರೇಶ್ವರನ ಸೀಮೆಯನ್ನು ಕಳೆದು ಆವಿನಹಳ್ಳಿಯ ಮಾರ್ಗವಾಗಿ ಮುಂದೆ ಸಾಗಿದರೆ ಎರಡು ಕಡೆಗೂ ಕಾಡು, ನಡುನಡುವೆ ತೋಟ, ಗದ್ದೆ. ಮನೆಗಳ ಅಂಗಳದಲ್ಲಿ ಬೇಯಿಸಿದ ಅಡಕೆಯು ಕೆಂಪಗೆ ಹರಡಿ ಒಣಗುತ್ತಿತ್ತು. ಬಳಿಕ ಒಮ್ಮೆಲೇ ಕಾಡು ಮುಗಿದು ಕಣ್ಣು ಹರಿಯುವಷ್ಟು ದೂರ ನೀರು ಕಾಣಿಸುತ್ತದೆ. ಇದು ಶರಾವತಿಯ ಹಿನ್ನೀರು. ಈಚೆಯ ದಡದಲ್ಲಿ ಅಂಬಾರಗೋಡ್ಲು, ಆಚೆಯ ದಡದಲ್ಲಿ ಕಳಸವಳ್ಳಿ. ಲಾಂಚು ಹೊರಡುತ್ತಿದ್ದ ಸ್ಥಳಕ್ಕೆ ಹೊಳೆಬಾಗಿಲು ಎಂದು ಹೆಸರು. ಹೆಸರಿಟ್ಟವರು ಯಾರೋ ಕಾಣೆವು. ಆದರೆ ಆಚೆಯ ಜನಕ್ಕೆ ಅದು ನಿಜವಾಗಿ ಬಾಗಿಲೇ ಆಗಿದ್ದಿತು. ಸಂಜೆಯ ಕಡೆಯ ಲಾಂಚು ಹೋಯಿತೆಂದರೆ ಆ ದಿನಕ್ಕೆ ಬಾಗಿಲು ಮುಚ್ಚಿತೆಂದು ಅರ್ಥ. ಹೆರಿಗೆಯ ನೋವು, ಹಾವಿನ ಕಡಿತ, ಮುದುಕರ ಎದೆನೋವು ಯಾವುದೂ ಲಾಂಚಿನ ವೇಳೆಯನ್ನು ಕೇಳಿಕೊಂಡು ಬರುವುದಿಲ್ಲ. ಮಳೆ ಕಡಿಮೆಯಾದ ವರ್ಷಗಳ ಬೇಸಗೆಯಲ್ಲಿ ನೀರು ಇಳಿದು, ಲಾಂಚು ವಾಹನಗಳನ್ನು ಹೊರಲಾರದೆ ಹೋಗುತ್ತಿದ್ದುದೂ ಉಂಟು.

ಈಗ ಅಲ್ಲಿ ಸೇತುವೆಯು ನಿಂತಿದೆ. ಸುಮಾರು 2.4 ಕಿಲೋಮೀಟರ್ ಉದ್ದದ, ಉಕ್ಕಿನ ಹಗ್ಗಗಳಿಂದ ತೂಗಿಹಿಡಿದ ಆ ಸೇತುವೆಯನ್ನು 2025ರ ಜುಲೈ 14ರಂದು ಕೇಂದ್ರ ಸಚಿವರಾದ ನಿತಿನ್ ಗಡ್ಕರಿಯವರು ಲೋಕಾರ್ಪಣೆ ಮಾಡಿದರು. ಸಿಗಂದೂರಿನ ಚೌಡೇಶ್ವರಿಯ ದರ್ಶನಕ್ಕೆ ಹೋಗುವವರು ಕೆಲವೇ ನಿಮಿಷಗಳಲ್ಲಿ ನೀರನ್ನು ದಾಟುತ್ತಾರೆ. ಅದೇ ದಾರಿಯಲ್ಲಿ ಮುಂದುವರಿದರೆ ತುಮರಿ. ಸುತ್ತಣ ಹಳ್ಳಿಗಳಿಗೆ ಇದೇ ಪೇಟೆ, ಇದೇ ಶಾಲೆಯ ಊರು, ಇದೇ ಬಸ್ಸು ಹತ್ತುವ ಸ್ಥಳ.

ಈ ನೀರು ಬಂದ ಬಗೆಯನ್ನು ಇಲ್ಲಿ ಹೇಳಲೇಬೇಕು. 1948ರಲ್ಲಿ ಮಡೆನೂರಿನ ಬಳಿ ಹಿರೇಭಾಸ್ಕರ ಅಣೆಕಟ್ಟು ಮುಗಿದಾಗ ಮೊದಲ ಮುಳುಗಡೆಯಾಯಿತು. 1964ರಲ್ಲಿ ಲಿಂಗನಮಕ್ಕಿಯ ಅಣೆಕಟ್ಟು ಎದ್ದಾಗ ಆ ಹಳೆಯ ಕಟ್ಟೆಯೇ ನೀರಿನೊಳಗಾಯಿತು. ಹೊಸ ಜಲಾಶಯದಲ್ಲಿ ನೂರೈವತ್ತು ಟಿ.ಎಂ.ಸಿ.ಗಿಂತ ಹೆಚ್ಚು ನೀರು ನಿಲ್ಲುತ್ತದೆ. ಅದರ ಕೆಳಗಣ ಶರಾವತಿ ವಿದ್ಯುದಾಗಾರದ ಸಾಮರ್ಥ್ಯವು 1035 ಮೆಗಾವಾಟ್. ನಾಡಿನ ದೀಪಗಳೂ ಕಾರ್ಖಾನೆಗಳೂ ಆ ವಿದ್ಯುತ್ತಿನಿಂದ ಬೆಳಗಿದವು. ಗದ್ದೆ, ತೋಟ, ದೇವರ ಕಲ್ಲು, ಹಿರಿಯರ ಸಮಾಧಿ ಎಲ್ಲವನ್ನೂ ನೀರಿಗೆ ಬಿಟ್ಟು ಸಂಸಾರಗಳು ಗುಡ್ಡ ಹತ್ತಿದವು, ಇಲ್ಲವೆ ಲಾರಿಗಳಲ್ಲಿ ದೂರದ ಕಾಡುಗಳಿಗೆ ಹೋಗಿ ಇಳಿದವು. ಇಳಿದಲ್ಲಿ ನೆಲವನ್ನು ಹದಮಾಡಿ ತೋಟವೆಬ್ಬಿಸಿದರು. ಆದರೆ ಆ ನೆಲವು ದಫ್ತರದಲ್ಲಿ ಅರಣ್ಯವೆಂದೇ ಉಳಿಯಿತು. 1980ರ ಅರಣ್ಯ ಸಂರಕ್ಷಣಾ ಕಾನೂನು ಬಂದ ಮೇಲೆ ಕೇಂದ್ರದ ಒಪ್ಪಿಗೆಯಿಲ್ಲದೆ ಅರಣ್ಯಭೂಮಿಯನ್ನು ಅನ್ಯಕಾರ್ಯಕ್ಕೆ ಬಿಟ್ಟುಕೊಡುವಂತಿಲ್ಲ. ಹೀಗಾಗಿ ಆರು ದಶಕ ಕಳೆದರೂ ಹಕ್ಕುಪತ್ರವಿಲ್ಲದ ಮುಳುಗಡೆಯ ಸಂಸಾರಗಳು ಇವೆ. ಅಜ್ಜನು ನೆಟ್ಟ ಅಡಕೆಯ ಫಲವನ್ನು ಮೊಮ್ಮಗನು ಕೊಯ್ಯುತ್ತಾನೆ. ತೋಟವು ನನ್ನದೆಂದು ತೋರಿಸಲು ಅವನ ಕೈಯಲ್ಲಿ ಒಂದು ಹಾಳೆ ಇಲ್ಲ. ಕಾಗದವಿಲ್ಲದೆ ಸ್ಥಳವನ್ನು ಬಿಟ್ಟವನ ಪಾಡು ಏನೆಂಬುದಕ್ಕೆ ಈ ಸೀಮೆಯೇ ನಿದರ್ಶನ.

ಇಂತಹ ಮನೆಗಳ ಮಕ್ಕಳು ಈಗ ಬೆಂಗಳೂರಿಗೆ ಹೋಗುತ್ತಾರೆ. ಕೆಲವರು ಅಲ್ಲಿಂದ ಮುಂದೆಯೂ ಹೋಗುತ್ತಾರೆ. ಘಟ್ಟದ ಕೆಳಗಿನ ಭಟ್ಕಳದವರಿಗೆ ಅರಬ್ಬೀ ದೇಶಗಳ ದಾರಿಯು ಬಹುಕಾಲದಿಂದ ಪರಿಚಿತವಾದುದು. ಘಟ್ಟದ ಮೇಲಿನವರಿಗೆ ಅದು ಹೊಸತು. ತುಮರಿಯ ಕಡೆಯ ಗೃಹಸ್ಥರೊಬ್ಬರು ನಮ್ಮೊಡನೆ ಹೇಳಿದ ಮಾತಿದು: “ಮೇಷ್ಟ್ರೇ, ಲಾಂಚಿನ ಕಾಲದಲ್ಲಿ ಮಗ ರಜೆ ಮುಗಿಸಿ ಹೊರಡುವುದಾದರೆ ಒಂದು ದಿನ ಮುಂಚೆಯೇ ಹೊಳೆ ದಾಟಿಸಿ ಸಾಗರದಲ್ಲಿ ನೆಂಟರ ಮನೆಯಲ್ಲಿ ಇರಿಸುತ್ತಿದ್ದೆವು. ಈಗ ಹೊಳೆಯ ಚಿಂತೆ ಕಳೆಯಿತು. ಕಾಗದದ ಚಿಂತೆ ಮಾತ್ರ ಹಾಗೇ ಉಂಟು ನೋಡಿ.”

ಗಡಿ ದಾಟುವವನಿಗೆ ಕಾಗದ ಬೇಕೆಂಬುದು ಆಂಗ್ಲರು ತಂದ ಹೊಸ ಪದ್ಧತಿಯೆಂದು ಕೆಲವರ ಎಣಿಕೆ. ಇದು ಸರಿಯಲ್ಲ. ಮೈಸೂರಿನ ಆರ್. ಶಾಮಶಾಸ್ತ್ರಿಗಳು ಬೆಳಕಿಗೆ ತಂದು 1909ರಲ್ಲಿ ಅಚ್ಚುಮಾಡಿಸಿದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಮುದ್ರಾಧ್ಯಕ್ಷನೆಂಬ ಅಧಿಕಾರಿಯ ಪ್ರಸ್ತಾಪವಿದೆ. ಅವನು ಒಂದು ಮಾಷಕವನ್ನು ತೆಗೆದುಕೊಂಡು ಮುದ್ರೆಯನ್ನು ಕೊಡತಕ್ಕದ್ದು; ಮುದ್ರೆಯುಳ್ಳವನು ಮಾತ್ರ ಜನಪದವನ್ನು ಪ್ರವೇಶಿಸಬಹುದು, ಬಿಟ್ಟು ಹೊರಡಬಹುದು; ಇಲ್ಲದವನಿಗೆ ಹನ್ನೆರಡು ಪಣ ದಂಡ; ಕಳ್ಳಮುದ್ರೆಯಾದರೆ ದಂಡ ಇನ್ನೂ ಹೆಚ್ಚು. ನಮ್ಮ ಹಿರಿಯರು ರಹದಾರಿಯೆಂದು ಕರೆದುದು ಇಂತಹ ಪತ್ರವನ್ನೇ. ಈಗ ಪಾಸ್‌ಪೋರ್ಟ್ ಎಂಬ ಹೆಸರು ರೂಢಿಯಲ್ಲಿದೆ. ಆದರೆ ದುಡಿಯಲು ಹೋಗುವವನಿಗೆ ರಹದಾರಿಯೊಂದೇ ಸಾಲದು.

ಇದನ್ನು ಬಹಳ ವ್ಯವಸ್ಥಿತವಾಗಿ ನಡೆಸಿಕೊಂಡು ಬಂದಿರುವ ದೇಶವು ಫಿಲಿಪ್ಪೀನ್ಸ್. ಅದು ಏಳು ಸಾವಿರಕ್ಕೂ ಮಿಕ್ಕ ದ್ವೀಪಗಳ ನಾಡು. ಅಲ್ಲಿನ ಸ್ತ್ರೀಪುರುಷರು ಹಡಗುಗಳಲ್ಲಿ, ಆಸ್ಪತ್ರೆಗಳಲ್ಲಿ, ಪರರ ಮನೆಗಳಲ್ಲಿ ದುಡಿಯಲು ಲೋಕದ ಎಲ್ಲ ದಿಕ್ಕಿಗೂ ಹೋಗುತ್ತಾರೆ. 1974ರ ಕಾರ್ಮಿಕ ಸಂಹಿತೆಯಿಂದ ಸರಕಾರವೇ ಈ ಕಾರ್ಯದ ಮೇಲ್ವಿಚಾರಣೆಯನ್ನು ವಹಿಸಿಕೊಂಡಿತು. 1995ರಲ್ಲಿ ಫ್ಲೋರ್ ಕಾಂಟೆಂಪ್ಲಾಸಿಯೋನ್ ಎಂಬ ಮನೆಗೆಲಸದ ಹೆಂಗಸನ್ನು ಸಿಂಗಪುರದಲ್ಲಿ ಗಲ್ಲಿಗೇರಿಸಿದಾಗ, ಪರದೇಶದಲ್ಲಿರುವ ನಮ್ಮವರನ್ನು ಕೇಳುವವರಾರು ಎಂದು ದೇಶಕ್ಕೆ ದೇಶವೇ ಕೂಗಿತು. ಅದೇ ವರ್ಷ ವಲಸೆ ಕಾರ್ಮಿಕರ ರಕ್ಷಣೆಯ ಕಾನೂನು ಹುಟ್ಟಿತು. 2021ರ ಡಿಸೆಂಬರಿನಲ್ಲಿ ಅವರಿಗಾಗಿಯೇ ಪ್ರತ್ಯೇಕ ಇಲಾಖೆಯೊಂದನ್ನು ಸ್ಥಾಪಿಸುವ ಕಾನೂನಿಗೆ ಅಂಕಿತ ಬಿದ್ದಿತು.

ರಜೆಯಲ್ಲಿ ಊರಿಗೆ ಬಂದ ಕೆಲಸಗಾರನನ್ನು ಅವರ ಭಾಷೆಯಲ್ಲಿ ‘ಮರಳುವ ದುಡಿಮೆಗಾರ’ ಎಂಬರ್ಥದ ಹೆಸರಿನಿಂದ ಕರೆಯುತ್ತಾರೆ. ಅವನು ಪುನಃ ವಿಮಾನ ಹತ್ತುವ ಮೊದಲು ಸಾಗರೋತ್ತರ ಉದ್ಯೋಗದ ಪ್ರಮಾಣಪತ್ರವನ್ನು ಪಡೆಯಬೇಕೆಂಬುದು ಅಲ್ಲಿ ಬೆಳೆದುಬಂದ ಪದ್ಧತಿ. ಅವನ ಕೆಲಸವೂ ಕರಾರೂ ಸರಕಾರದ ದಾಖಲೆಯಲ್ಲಿ ಇವೆ ಎಂಬುದಕ್ಕೆ ಅದು ಸಾಕ್ಷಿ. ಅದುಳ್ಳವನಿಗೆ ಪ್ರಯಾಣದ ತೆರಿಗೆಯ ವಿನಾಯಿತಿಯೂ ದೊರೆಯುತ್ತದೆ. ಕ್ರಿಸ್ತಜಯಂತಿಗೆ ಬಂದವರು ರಜೆಯ ಅಮೂಲ್ಯ ದಿನಗಳನ್ನು ಕಚೇರಿಯ ಸಾಲುಗಳಲ್ಲಿ ಕಳೆಯಬೇಕಾಗುತ್ತಿದ್ದುದರಿಂದ ಗೊಣಗಾಟವೂ ಬಹಳವಿದ್ದಿತು. ಅದನ್ನು ಮನಗಂಡು, ಅದೇ ಯಜಮಾನನಲ್ಲಿಗೆ ಅದೇ ಸ್ಥಳಕ್ಕೆ ಮರಳುವವರಿಗೆ ಮನೆಯಲ್ಲಿ ಕುಳಿತೇ ಗಣಕದ ಮೂಲಕ ವಿನಾಯಿತಿ ಪಡೆಯುವ ಅನುಕೂಲವನ್ನು ಮಾಡಿಕೊಟ್ಟರು. ಯಜಮಾನನು ಬದಲಾದರೆ ಹೊಸದಾಗಿ ವಿಚಾರಣೆ. ಈ ವಿವೇಕವು ಗಮನಾರ್ಹವಾದುದು. ಅಪಾಯವು ಹೊಸ ಯಜಮಾನನಲ್ಲಿದೆಯೇ ಹೊರತು ಹಳೆಯ ದಾರಿಯಲ್ಲಿಲ್ಲ.

ನಮ್ಮ ದೇಶದ ಏರ್ಪಾಡು ಬೇರೆ ಬಗೆಯದು. 1983ರ ವಲಸೆ ಕಾನೂನಿನ ಪ್ರಕಾರ ಹತ್ತನೆಯ ತರಗತಿಯಲ್ಲಿ ತೇರ್ಗಡೆಯಾಗದವರ ರಹದಾರಿಗೆ ಸಾಮಾನ್ಯವಾಗಿ ವಲಸೆಯ ಅನುಮತಿ ಬೇಕೆಂಬ ಗುರುತು ಬೀಳುತ್ತದೆ. ಅಂಥವರು ಸೌದಿ ಅರೇಬಿಯ, ಕುವೈತ್, ಒಮಾನ್, ಕತಾರ್, ಮಲೇಶಿಯ ಮೊದಲಾದ 18 ದೇಶಗಳಿಗೆ ಕೆಲಸಕ್ಕೆ ಹೋಗುವುದಾದರೆ ವಲಸೆಗಾರರ ರಕ್ಷಣಾಧಿಕಾರಿಯ ಅನುಮತಿ ಪಡೆಯಬೇಕು. ಕೆಲಸದ ಕರಾರುಪತ್ರ, ವೀಸಾ, ವಿಮೆ ಇವುಗಳನ್ನು ನೋಡಿದ ಬಳಿಕವೇ ಅಪ್ಪಣೆ. ಆ ವಿಮೆಗೆ ಎರಡು ವರ್ಷಕ್ಕೆ 275 ರೂಪಾಯಿ, ಮೂರು ವರ್ಷಕ್ಕೆ 375 ರೂಪಾಯಿ. ಅಪಘಾತದಲ್ಲಿ ಮರಣವಾದರೆ ಸಂಸಾರಕ್ಕೆ ಹತ್ತು ಲಕ್ಷ ರೂಪಾಯಿ ದೊರೆಯುತ್ತದೆ. ನೋಂದಣಿಯಾದ ದಲ್ಲಾಳಿಯು ತನ್ನ ಸೇವೆಗಾಗಿ ತೆರಿಗೆ ಬಿಟ್ಟು 30,000 ರೂಪಾಯಿಗಿಂತ ಹೆಚ್ಚು ಕೇಳುವಂತಿಲ್ಲ. ಅವನ ಹೆಸರು ಪಟ್ಟಿಯಲ್ಲಿದೆಯೇ ಎಂಬುದನ್ನು ಸರಕಾರದ ಇ-ಮೈಗ್ರೇಟ್ ಎಂಬ ಜಾಲತಾಣದಲ್ಲಿ ಯಾರೂ ನೋಡಬಹುದು. ತೋಟವನ್ನು ಅಡವಿಟ್ಟು ಲಕ್ಷಗಟ್ಟಲೆ ಹಣವನ್ನು ಕೈಗಿಡುವ ಮೊದಲು ಇಷ್ಟನ್ನಾದರೂ ನೋಡಬೇಡವೇ?

ಇಲ್ಲೊಂದು ಸೂಕ್ಷ್ಮವುಂಟು. ಹತ್ತನೆಯ ತರಗತಿ ತೇರ್ಗಡೆಯಾದವನನ್ನು ಈ ಅನುಮತಿಗಾಗಿ ಸಾಮಾನ್ಯವಾಗಿ ಯಾರೂ ತಡೆಯುವುದಿಲ್ಲ. ಅಧ್ಯಾಪಕವೃತ್ತಿಯವರಾದ ನಮಗೆ ವಿದ್ಯೆಯ ಈ ಗೌರವವು ಸಂತೋಷದ ವಿಷಯವೇ. ಆದರೆ ತಡೆಯುವವರಿಲ್ಲದ ದಾರಿಯಲ್ಲಿ ಕರಾರನ್ನು ಓದಿ ನೋಡುವವರೂ ಇಲ್ಲ. ಅವನ ಕರಾರನ್ನು ಅವನೇ ಓದಬೇಕು, ಅವನ ವಿಮೆಯನ್ನು ಅವನೇ ಮಾಡಿಸಬೇಕು. ಇನ್ನು ಕೆಲವರು, ನೋಡಲು ಬಂದವರೆಂಬ ವೀಸಾದಲ್ಲಿ ಹೋಗು, ಅಲ್ಲಿ ಕೆಲಸ ಕೊಡಿಸುವೆನೆಂಬ ದಲ್ಲಾಳಿಯ ಮಾತಿಗೆ ಒಪ್ಪುತ್ತಾರೆ. ಹಾಗೆ ಹೋದವನು ಯಾವ ಪುಸ್ತಕದಲ್ಲಿಯೂ ದುಡಿಮೆಗಾರನಲ್ಲ. ಸಂಬಳ ನಿಂತರೆ ಯಾವ ಕರಾರನ್ನು ಮುಂದಿಟ್ಟು ಕೇಳಬೇಕು?

ರಜೆಗೆ ಬರುವುದಕ್ಕೂ ಕಾಗದ ಬೇಕಾಗುವುದೆಂಬುದು ಬಹುಮಂದಿಗೆ ತಿಳಿಯದು. ಸೌದಿ ಅರೇಬಿಯದಲ್ಲಿ ದುಡಿಯುವವನು ಹೊರಟು ಮರಳುವ ಅನುಮತಿಯನ್ನು ಪಡೆದೇ ಊರಿಗೆ ಬರುತ್ತಾನೆ. ಅದರ ಅವಧಿಯೊಳಗೆ ಹಿಂದಿರುಗಬೇಕು. ಕುವೈತಿನಲ್ಲಿ 2025ರ ಜುಲೈ 1ರಿಂದ ಖಾಸಗಿ ಕಂಪನಿಗಳ ವಿದೇಶಿ ಕೆಲಸಗಾರರು ದೇಶ ಬಿಡುವ ಮೊದಲು ಯಜಮಾನನ ಒಪ್ಪಿಗೆಯ ನಿರ್ಗಮನಪತ್ರವನ್ನು ಪಡೆಯಬೇಕೆಂದು ನಿಯಮವಾಯಿತು. ಸಂಯುಕ್ತ ಅರಬ್ ಸಂಸ್ಥಾನಗಳಲ್ಲಿ ಆರು ತಿಂಗಳು ಮೀರಿ ಹೊರಗೆ ಉಳಿದರೆ ವಾಸದ ಅನುಮತಿಯೇ ಸಾಮಾನ್ಯವಾಗಿ ಬಿದ್ದುಹೋಗುತ್ತದೆ. ತಾಯಿಯ ಕಾಯಿಲೆಗೆಂದು ಬಂದ ಮಗನು, “ಇನ್ನೂ ಒಂದು ತಿಂಗಳು ಇರಪ್ಪಾ” ಎಂಬ ಮಾತಿಗೆ ಕರಗಿ ನಿಂತರೆ ಅವನ ಅನ್ನದ ದಾರಿಯೇ ಮುಚ್ಚೀತು. ಆದುದರಿಂದ ಮಗನು ಮನೆಗೆ ಬಂದ ದಿನವೇ ಅವನ ವೀಸಾದ ಕೊನೆಯ ದಿನವನ್ನು ಗೋಡೆಯ ಪಂಚಾಂಗದಲ್ಲಿ ಗುರುತು ಹಾಕುವುದು ಮೇಲು. ಮದುವೆಯ ಮುಹೂರ್ತವನ್ನು ಅದಕ್ಕೆ ಈಚೆಗೆ ಇಟ್ಟುಕೊಳ್ಳಬೇಕು.

ಶಾಲೆಯ ದಾಖಲೆಪುಸ್ತಕಗಳನ್ನು ಬಹುಕಾಲ ಬರೆದವರಾಗಿ ಇನ್ನೊಂದು ಮಾತನ್ನು ಹೇಳುವೆವು. ಹಿಂದೆ ಮಗುವನ್ನು ಶಾಲೆಗೆ ಕರೆತಂದ ತಂದೆಯು, “ದೊಡ್ಡ ಮಳೆಯ ವರ್ಷ ಹುಟ್ಟಿದ್ದು, ತಾರೀಕು ನೀವೇ ಬರೆದುಕೊಳ್ಳಿ” ಎನ್ನುವುದು ರೂಢಿಯಾಗಿದ್ದಿತು. ಕರೆಯುವ ಹೆಸರು ಒಂದು, ಜಾತಕದ ಹೆಸರು ಇನ್ನೊಂದು. ಪಡಿತರ ಚೀಟಿಯಲ್ಲಿ ಊರಿನ ಹೆಸರು ಸೇರಿದರೆ ಆಧಾರಿನಲ್ಲಿ ತಂದೆಯ ಹೆಸರಿನ ಮೊದಲಕ್ಷರವು ಸೇರಿರುತ್ತದೆ. ಹಳ್ಳಿಯಲ್ಲಿ ಇದರಿಂದ ಬಾಧಕವಿಲ್ಲ. ಎಲ್ಲರೂ ಎಲ್ಲರನ್ನೂ ಬಲ್ಲರು. ಯಾರನ್ನೂ ಅರಿಯದ ವಿಮಾನನಿಲ್ದಾಣದಲ್ಲಿ ಒಂದು ಅಕ್ಷರದ ವ್ಯತ್ಯಾಸವೂ ಮನುಷ್ಯನನ್ನು ಬೇರೊಬ್ಬನನ್ನಾಗಿ ಮಾಡಬಲ್ಲದು. ಇದನ್ನು ಮಕ್ಕಳು ಶಾಲೆಯಲ್ಲಿರುವಾಗಲೇ ಸರಿಪಡಿಸಿಕೊಳ್ಳುವುದು ಸುಲಭ.

ಮನೆಯಲ್ಲಿ ಇರುವವರ ಕರ್ತವ್ಯವೂ ಸಣ್ಣದಲ್ಲ. ರಹದಾರಿ, ವೀಸಾ, ಕರಾರು, ವಿಮೆ ಇವುಗಳ ಒಂದೊಂದು ಪ್ರತಿಯು ಒಡವೆಯಂತೆ ಮನೆಯ ಪೆಟ್ಟಿಗೆಯಲ್ಲಿರಬೇಕು. ಯಜಮಾನನ ವಿಳಾಸವೂ ಆ ದೇಶದಲ್ಲಿನ ಭಾರತೀಯ ರಾಯಭಾರ ಕಚೇರಿಯ ಸಂಖ್ಯೆಯೂ ಅದರೊಡನೆ ಇರಲಿ. ಎಷ್ಟೋ ಯಜಮಾನರು ಕೆಲಸಗಾರನ ರಹದಾರಿಯನ್ನು ತಾವೇ ಇಟ್ಟುಕೊಂಡುಬಿಡುತ್ತಾರೆ. ಅಂಥ ಸಮಯದಲ್ಲಿ ಊರಿನ ಪೆಟ್ಟಿಗೆಯಲ್ಲಿರುವ ಪ್ರತಿಯೇ ಅವನು ಇಂಥವನೆಂದು ಹೇಳುವ ಸಾಕ್ಷಿ. ತಾಯಂದಿರೂ ಸೊಸೆಯಂದಿರೂ ಈ ಕಾಗದಗಳನ್ನು ಓದಿ ಅರಿತಿರುವುದು ಅಗತ್ಯ. ಆಪತ್ಕಾಲದಲ್ಲಿ ಕಚೇರಿಗೆ ಹೋಗಿ ಮಾತನಾಡುವವರು ಅವರೇ.

ತುಮರಿಯ ಹಿರಿಯರನ್ನು ಎಬ್ಬಿಸಿ ಕಳುಹಿಸಿದಾಗ ನಾಡು ಅವರಿಗೆ ಕೊಡಬೇಕಾದ ಕಾಗದವನ್ನು ಪೂರ್ತಿಯಾಗಿ ಕೊಡಲಿಲ್ಲ. ಅದರ ಫಲವನ್ನು ಮೂರು ತಲೆಮಾರು ಉಂಡಿತು. ಆ ಋಣವು ನಾಡಿನ ಮೇಲೆ ಇನ್ನೂ ಇದೆ, ಅದು ತೀರಲೇಬೇಕು. ಕಾಗದದ ಕಟ್ಟಳೆಗಳು ಬೇಸರ ತರುವುದು ನಿಜ. ಅವನ್ನು ಸರಳಗೊಳಿಸುವುದು ಸರಕಾರದ ಧರ್ಮ. ಆದರೆ ದುಡಿಯಲು ಹೋದವನು ಎಲ್ಲಿದ್ದಾನೆ, ಯಾರ ಬಳಿ ಇದ್ದಾನೆ, ಯಾವ ಕೂಲಿಗೆ ಒಪ್ಪಿದ್ದಾನೆ ಎಂಬುದನ್ನು ನೆನಪಿಡುವ ಒಂದು ಪುಸ್ತಕವು ಇರಲೇಬೇಕು. ಶರಾವತಿಗೆ ಸೇತುವೆ ಕಟ್ಟಲು ಅರುವತ್ತು ವರ್ಷ ಬೇಕಾಯಿತು. ಮಕ್ಕಳ ಕಾಗದಗಳನ್ನು ಓದಿ, ಒಪ್ಪವಾಗಿ ಕಟ್ಟಿಡಲು ಗೃಹಸ್ಥರಿಗೆ ಒಂದು ಸಂಜೆ ಸಾಕು.