ಅಂಗೈಯಗಲದ ಲೆಕ್ಕ

ಲೆಕ್ಕವನ್ನೂ ಸವಿಯಬಹುದು ಎಂದರೆ ಹುಬ್ಬೇರಿಸುವವರಿದ್ದಾರೆ. ಅಂಥವರಿಗೆ ನಾನು ತೋರಿಸುವುದು ಒಂದು ಮಣ್ಣಿನ ಬಿಲ್ಲೆಯ ಚಿತ್ರವನ್ನು. ಬಿಲ್ಲೆ ಈಗಿರುವುದು ಅಮೆರಿಕದ ಯೇಲ್ ವಿಶ್ವವಿದ್ಯಾಲಯದ ಬ್ಯಾಬಿಲೋನಿಯನ್ ಸಂಗ್ರಹದಲ್ಲಿ. ಅಡ್ಡಳತೆ ಸುಮಾರು 8 ಸೆಂಟಿಮೀಟರ್. ನಿಪ್ಪಟ್ಟಿನಷ್ಟು ದುಂಡಗೆ, ಅಷ್ಟೇ ಅಗಲ. ಕ್ರಿ.ಪೂ. 1800 ಮತ್ತು 1600ರ ನಡುವೆ ಬ್ಯಾಬಿಲೋನಿಯದ ಯಾರೋ ಹಸಿ ಜೇಡಿಮಣ್ಣಿನ ಮೇಲೆ ಜೊಂಡಿನ ಕಡ್ಡಿಯೊತ್ತಿ ಬರೆದದ್ದು. ಇಂಥ ದುಂಡು ಬಿಲ್ಲೆಗಳು ಲಿಪಿಕಾರರ ಶಾಲೆಯ ಮಕ್ಕಳ ಕೈಬರಹಕ್ಕೆ ಬಳಕೆಯಾಗುತ್ತಿದ್ದವು. ಇದೂ ಬಹುಶಃ ಅಂಥದೇ.

ಬಿಲ್ಲೆಯ ಮೇಲೆ ಒಂದು ಚೌಕ, ಅದಕ್ಕೆ ಎರಡು ಕರ್ಣ. ಬದಿಯಲ್ಲಿ 30 ಎಂದಿದೆ. ಕರ್ಣದ ಉದ್ದಕ್ಕೆ 1, 24, 51, 10. ಅದರ ಕೆಳಗೆ 42, 25, 35. ಇಷ್ಟೇ. ವಿವರಣೆಯ ಒಂದು ಮಾತೂ ಇಲ್ಲ.

ನಾವು ಹತ್ತು ತುಂಬಿದರೆ ಎಡಕ್ಕೆ ಒಂದು ಸ್ಥಾನ ಸರಿಯುತ್ತೇವೆ. ಬ್ಯಾಬಿಲೋನಿಯದವರು ಅರುವತ್ತು ತುಂಬಿದಾಗ ಸರಿಯುತ್ತಿದ್ದರು. ಗಂಟೆ, ನಿಮಿಷ, ಸೆಕೆಂಡಿನ ಲೆಕ್ಕ ಹಾಕುವಾಗ ನಾವೂ ಮಾಡುವುದು ಅದನ್ನೇ. ಹಾಗೆ ಓದಿ: 1, ಅದಕ್ಕೆ 60ರಲ್ಲಿ 24 ಪಾಲು, 3,600ರಲ್ಲಿ 51 ಪಾಲು, 2,16,000ದಲ್ಲಿ 10 ಪಾಲು. ಕೂಡಿದರೆ ಸುಮಾರು 1.414213. ಎರಡರ ವರ್ಗಮೂಲ! ಅದನ್ನು 30ರಿಂದ ಗುಣಿಸಿದರೆ ಕರ್ಣದ ಉದ್ದ, ಅಂದರೆ ಕೆಳಗಿನ ಸಾಲು. ಪೈಥಾಗೊರಸ್ ಹುಟ್ಟುವುದಕ್ಕೆ ಸಾವಿರ ವರ್ಷ ಮೊದಲೇ ಅವನ ಹೆಸರಿನ ಪ್ರಮೇಯ ಪಾಠಶಾಲೆಯ ಮಣ್ಣಿನಲ್ಲಿತ್ತು.

ಗುಣಾಕಾರವನ್ನು ಹತ್ತಿರದಿಂದ ನೋಡಬೇಕು. ಅರುವತ್ತರಲ್ಲಿ 30 ಅಂದರೆ ಅರ್ಧ. ಹಾಗಾಗಿ 30ರಿಂದ ಗುಣಿಸುವುದೂ ಒಂದೇ, ಅರ್ಧ ಮಾಡಿ ಒಂದು ಸ್ಥಾನ ಸರಿಸುವುದೂ ಒಂದೇ. 1, 24 ಅಂದರೆ 84. ಅದರ ಅರ್ಧ 42. 51ರ ಅರ್ಧ 25, ಉಳಿದ ಅರ್ಧ ಮುಂದಿನ ಸ್ಥಾನಕ್ಕೆ 30 ಆಗಿ ಇಳಿಯುತ್ತದೆ. 10ರ ಅರ್ಧ 5 ಸೇರಿದರೆ 35. ಮುಗಿಯಿತು. ಇನ್ನೂ ಒಂದು ಸೊಗಸಿದೆ. ದಶಮಾಂಶ ಬಿಂದುವಿನಂಥ ಗುರುತು ಅವರಿಗೆ ಇರಲಿಲ್ಲವಾದ್ದರಿಂದ ಬದಿಯ 30ನ್ನು ಅರ್ಧ ಎಂದೂ ಓದಬಹುದು. ಆಗ ಕೆಳಗಿನ ಸಂಖ್ಯೆ 0.7071 ಆಗುತ್ತದೆ, ಮೇಲಿನದರಿಂದ ಅದನ್ನು ಗುಣಿಸಿದರೆ ಹೆಚ್ಚುಕಡಿಮೆ 1. ಒಂದು ಇನ್ನೊಂದರ ವ್ಯುತ್ಕ್ರಮ! ಭಾಗಾಕಾರವನ್ನು ಸಾಮಾನ್ಯವಾಗಿ ವ್ಯುತ್ಕ್ರಮದಿಂದ ಗುಣಿಸಿ ಮಾಡುತ್ತಿದ್ದ ಜನ ಅವರು. 30ನ್ನು ಆರಿಸಿದ ಗುರುವಿನ ಮನಸ್ಸಿನಲ್ಲಿ ಇದೂ ಇತ್ತೆಂದೇ ನನಗನ್ನಿಸುತ್ತದೆ.

ವರ್ಗಮೂಲವನ್ನು ಬಿಲ್ಲೆ ಬರೆದ ಹುಡುಗನೇ ಕಂಡುಹಿಡಿದಿರಲಾರ. ಅದೇ ಸಂಖ್ಯೆ ಇನ್ನೊಂದು ಬಿಲ್ಲೆಯ ಸ್ಥಿರಾಂಕಗಳ ಪಟ್ಟಿಯಲ್ಲೂ ಇದೆ. ಅಲ್ಲಿಂದ ಬಾಯಿಪಾಠ ಮಾಡಿಸಿರಬೇಕು. ಇದರಿಂದ ನನ್ನ ಬೆರಗು ಹೆಚ್ಚಿತೇ ಹೊರತು ಕುಗ್ಗಲಿಲ್ಲ. ಒಂದು ಕಿಲೋಮೀಟರ್ ಬದಿಯ ಹೊಲಕ್ಕೆ ಈ ಸಂಖ್ಯೆಯಿಂದ ಕರ್ಣ ಅಳೆದರೆ ಬರುವ ತಪ್ಪು ಒಂದು ಮಿಲಿಮೀಟರಿಗಿಂತ ಕಡಿಮೆ. ಯಾವ ಹೊಲಕ್ಕೂ, ಯಾವ ಗೋಡೆಗೂ ಇಷ್ಟು ನಿಖರತೆ ಬೇಕಿರಲಿಲ್ಲ. ಲೆಕ್ಕದ ಮೇಲಿನ ಪ್ರೀತಿಯೇ ಅವರನ್ನು ಅಲ್ಲಿಯವರೆಗೆ ಕರೆದೊಯ್ದಿರಬೇಕು. ಮುಂದೆ ಇದೇ ಅರುವತ್ತರ ಲೆಕ್ಕ ಆಕಾಶಕ್ಕೂ ಏರಿತು. ತಲಾ ಮೂವತ್ತು ಡಿಗ್ರಿಯ ಹನ್ನೆರಡು ರಾಶಿಗಳು ಬ್ಯಾಬಿಲೋನಿನಲ್ಲಿ ರೂಪುಗೊಂಡು, ಗ್ರೀಕರ ಮೂಲಕ ನಮ್ಮ ಪಂಚಾಂಗವನ್ನೂ ಸೇರಿದವು.

ಹತ್ತನೇ ತರಗತಿಗೆ ಗಣಿತ ಹೇಳುವ ಮೇಷ್ಟ್ರುಗಳಲ್ಲಿ, ಮೇಡಮ್ಮುಗಳಲ್ಲಿ ನನ್ನದೊಂದು ಕೋರಿಕೆ. ಎರಡರ ವರ್ಗಮೂಲ ಅಭಾಗಲಬ್ಧ ಎಂದು ಸಾಧಿಸುವ ದಿನ, ಮೊದಲು ಈ ಚೌಕವನ್ನು ಬೋರ್ಡಿನ ಮೇಲೆ ಬರೆಯಿರಿ. ಮೂರು ಸಾಲಿನ ಸಂಖ್ಯೆಗಳನ್ನಷ್ಟೇ ಬರೆದು, ಅರ್ಥ ಹುಡುಕುವುದನ್ನು ಮಕ್ಕಳಿಗೇ ಬಿಡಿ.