ಕಕುದ್ಮಿಯ ಕ್ಷಣಕಾಲ

ಪದ್ಮನಾಭನಗರದ ಉದ್ಯಾನವೊಂದರಲ್ಲಿ ಸಾಯಂಕಾಲ ನಾಲ್ಕಾರು ಮಂದಿ ವೃದ್ಧರು ಕಲೆಯುವ ವಾಡಿಕೆಯುಂಟು. ಅವರಲ್ಲೊಬ್ಬರು ಪರದೇಶದಲ್ಲಿರುವ ಮಗನ ಮನೆಯಲ್ಲಿ ಕೆಲವು ವರ್ಷಗಳನ್ನು ಕಳೆದು ಮರಳಿ ಬಂದರು. ಬಂದ ಮರುದಿನವೇ ಹಳೆಯ ಕಲ್ಲುಬೆಂಚಿನ ಬಳಿಗೆ ಹೋಗಿ, ಜೇಬಿನಿಂದ ವಿಳಾಸಗಳ ಪುಸ್ತಕವನ್ನು ತೆಗೆದು, ಒಬ್ಬೊಬ್ಬರನ್ನೇ ಹೆಸರು ಹಿಡಿದು ವಿಚಾರಿಸಿದರು. ಒಬ್ಬರು ತೀರಿಕೊಂಡಿದ್ದರು, ಇನ್ನೊಬ್ಬರ ಮನೆಯಿದ್ದೆಡೆಯಲ್ಲಿ ನಾಲ್ಕಂತಸ್ತಿನ ಕಟ್ಟಡವೆದ್ದಿತ್ತು, ಮೂರನೆಯವರ ಹೆಸರನ್ನು ಅಲ್ಲಿದ್ದವರಾರೂ ಕೇಳಿರಲಿಲ್ಲ. “ನಿನ್ನೆ ಹೋಗಿ ಇಂದು ಬಂದಂತಿದೆಯಲ್ಲ ಸ್ವಾಮಿ!” ಎಂದು ಅವರು ಸುಮ್ಮನಾದರು. “ಇದು ಕಕುದ್ಮಿಯ ಕಥೆಯೇ ಆಯಿತು” ಎಂದರು ಪಕ್ಕದಲ್ಲಿದ್ದ ಪುರಾಣಜ್ಞರು.

ಆ ಕಥೆ ಭಾಗವತದ ನವಮ ಸ್ಕಂಧದಲ್ಲಿದೆ. ಕುಶಸ್ಥಲಿಯ ರಾಜನಾದ ಕಕುದ್ಮಿಯು ಮಗಳಾದ ರೇವತಿಗೆ ತಕ್ಕ ವರನಾರೆಂದು ಕೇಳುವುದಕ್ಕಾಗಿ ಅವಳೊಡನೆ ಬ್ರಹ್ಮಲೋಕಕ್ಕೆ ಹೋದನು. ಅಲ್ಲಿ ಗಂಧರ್ವಗಾನವು ನಡೆಯುತ್ತಿದ್ದುದರಿಂದ ಕ್ಷಣಕಾಲ ಕಾದು ನಿಂತು, ಬಳಿಕ ತನ್ನ ಬಿನ್ನಹವನ್ನು ಮಾಡಿಕೊಂಡನು. ಬ್ರಹ್ಮನು ನಕ್ಕುಬಿಟ್ಟನು. ಅಷ್ಟರಲ್ಲಿ ಭೂಲೋಕದಲ್ಲಿ ೨೭ ಚತುರ್ಯುಗಗಳು, ಎಂದರೆ ೧೧ ಕೋಟಿ ೬೬ ಲಕ್ಷದ ೪೦ ಸಾವಿರ ವರ್ಷಗಳು, ಕಳೆದುಹೋಗಿದ್ದವು. ರಾಜನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರಿರಲಿ, ಅವರ ಮಕ್ಕಳು ಮೊಮ್ಮಕ್ಕಳ ಹೆಸರೂ ಉಳಿದಿರಲಿಲ್ಲ.

ಇದು ಬರಿಯ ಕಟ್ಟುಕಥೆಯೆಂದು ಈಗಿನವರು ನಗಬಹುದು. ಆದರೆ ಕಾಲವು ಎಲ್ಲರಿಗೂ ಒಂದೇ ಸಮನಾಗಿ ಸರಿಯುವುದಿಲ್ಲವೆಂಬುದನ್ನು ಐನ್‌ಸ್ಟೈನನು ೧೯೦೫ರಲ್ಲಿಯೇ ಪ್ರತಿಪಾದಿಸಿದನು. ವಾಯುಮಂಡಲದ ಮೇಲ್ಭಾಗದಲ್ಲಿ ಹುಟ್ಟುವ ಮ್ಯೂಆನ್ ಎಂಬ ಕಣದ ಸರಾಸರಿ ಆಯುಸ್ಸು ಸೆಕೆಂಡಿನ ಹತ್ತು ಲಕ್ಷ ಭಾಗಗಳಲ್ಲಿ ಎರಡಕ್ಕೆ ತುಸು ಹೆಚ್ಚು. ಬೆಳಕಿನ ವೇಗದಿಂದ ಓಡಿದರೂ ಅಷ್ಟರಲ್ಲಿ ಅದು ಸುಮಾರು ೬೬೦ ಮೀಟರು ಸಾಗಬೇಕು. ಆದರೂ ಹತ್ತು ಹದಿನೈದು ಕಿಲೋಮೀಟರು ಇಳಿದು ನೆಲವನ್ನು ಮುಟ್ಟುತ್ತದೆ. ನಂಜನಗೂಡಿನವರಾದ ಬಿ. ವಿ. ಶ್ರೀಕಂಠನ್ ಮೊದಲಾದ ವಿಜ್ಞಾನಿಗಳು ೧೯೫೦ರ ದಶಕದಲ್ಲಿ ಕೋಲಾರದ ಚಿನ್ನದ ಗಣಿಗಳ ಆಳದಲ್ಲಿ ಈ ಕಣಗಳನ್ನು ಎಣಿಸಿದರು. ಇಷ್ಟು ದೂರ ಅವು ಬದುಕಿ ಬರುವುದಕ್ಕೆ ಕಾರಣ, ಅತಿವೇಗವಾಗಿ ಓಡುವ ಕಣದ ಕಾಲವು ನಮ್ಮ ಕಾಲಕ್ಕಿಂತ ನಿಧಾನವಾಗಿ ಸರಿಯುವುದೇ.

ಈ ಗಣಿತವು ಪುರಾಣಕಾರರಿಗೆ ತಿಳಿದಿತ್ತೆಂದು ಸಾಧಿಸಹೊರಡುವುದು ಅವಿವೇಕ. ಆದರೆ ಗಣಿತವು ಹೇಳದಿರುವ ಒಂದು ಮಾತನ್ನು ಪುರಾಣವು ಹೇಳುತ್ತದೆ. ಕಾಲ ತಪ್ಪಿ ಬಂದವನ ದೇಹಕ್ಕೆ ಯಾವ ಅಪಾಯವೂ ಇಲ್ಲ. ಅವನಿಗೆ ಸಮಕಾಲೀನರಿಲ್ಲದಿರುವುದೇ ಅಪಾಯ. ಗುಹೆಯಲ್ಲಿ ಯುಗಗಳವರೆಗೆ ನಿದ್ರಿಸಿದ ಮುಚುಕುಂದನ ಪಾಡೂ ಇದೇ. ಅವನ ಮಡದಿ ಮಕ್ಕಳು, ಮಂತ್ರಿಗಳು, ಪ್ರಜೆಗಳು ಯಾರೂ ಉಳಿದಿಲ್ಲವೆಂದು ದೇವತೆಗಳೇ ಅವನಿಗೆ ತಿಳಿಸಿದರು. ಎಚ್ಚತ್ತು ಹೊರಗೆ ಬಂದಾಗ ಮನುಷ್ಯರೂ ಮರಗಿಡಗಳೂ ಅವನ ಕಣ್ಣಿಗೆ ಕುಗ್ಗಿ ಕಂಡವು.

ಹಾಗಾದರೆ ಪರಿಹಾರವೇನು? ಬ್ರಹ್ಮನು ಹೋದ ಕಾಲವನ್ನು ಮರಳಿಸಿಕೊಡಲಿಲ್ಲ. ಈಗ ಭೂಮಿಯಲ್ಲಿರುವ ಬಲರಾಮನಿಗೆ ಮಗಳನ್ನು ಕೊಡೆಂದು ಮಾತ್ರ ಅಪ್ಪಣೆ ಮಾಡಿದನು. ಹಿಂದಿನ ಯುಗದ ಎತ್ತರದಲ್ಲಿದ್ದ ರೇವತಿಯನ್ನು ಬಲರಾಮನು ನೇಗಿಲ ತುದಿಯಿಂದ ತಗ್ಗಿಸಿ, ತನ್ನ ಕಾಲದ ಸ್ತ್ರೀಯರಿಗೆ ಸಮಾನಳನ್ನಾಗಿ ಮಾಡಿಕೊಂಡನೆಂದು ವಿಷ್ಣುಪುರಾಣವು ಹೇಳುತ್ತದೆ. ಕಕುದ್ಮಿಯು ತನ್ನ ಹಳೆಯ ವರರ ಪಟ್ಟಿಯನ್ನು ಹಿಡಿದು ಹಟಮಾಡಲಿಲ್ಲ. ಮಗಳನ್ನು ಧಾರೆಯೆರೆದು ಬದರಿಗೆ ತಪಸ್ಸಿಗೆ ಹೋದನು. ಮಗಳ ಬಾಳು ಉಳಿದುದು ಈ ವಿವೇಕದಿಂದಲೇ. ತುಸು ತಗ್ಗಿ ಹೊಸ ಕಾಲದೊಡನೆ ಕೂಡಿ ಬಾಳುವುದಾಗಲಿ, ಗೊಣಗದೆ ದಾರಿ ಬಿಟ್ಟುಕೊಡುವುದಾಗಲಿ ಅವಮಾನವಲ್ಲ.

ಮರುದಿನ ಸಾಯಂಕಾಲ ಆ ಹಿರಿಯರು ಮತ್ತೆ ಉದ್ಯಾನಕ್ಕೆ ಬಂದರು. ಗೆಳೆಯನ ಮನೆಯಿದ್ದೆಡೆಯಲ್ಲಿ ಎದ್ದ ಕಟ್ಟಡದಲ್ಲಿರುವ ತರುಣನೊಬ್ಬನು ಮಗುವನ್ನೆತ್ತಿಕೊಂಡು ಅದೇ ಬೆಂಚಿನಲ್ಲಿ ಕುಳಿತಿದ್ದನು. ಸ್ವಲ್ಪ ಹೊತ್ತು ಮಾತನಾಡಿದ ಮೇಲೆ ಹಿರಿಯರು ಪುಸ್ತಕವನ್ನು ತೆರೆದು, “ನಿಮ್ಮ ಹೆಸರೇನಪ್ಪ?” ಎಂದು ಕೇಳಿ, ತಮ್ಮ ಗೆಳೆಯನ ಹೆಸರಿನ ಕೆಳಗೆ ಬರೆದುಕೊಂಡರು. ಹಳೆಯ ಹೆಸರನ್ನು ಹೊಡೆದುಹಾಕಲಿಲ್ಲ.