ಕಾಣದ ಕತ್ತರಿ

ಹೂವಿನೊಡನೆ ನಾರೂ ಸ್ವರ್ಗ ಸೇರಿತೆಂದು ಗಾದೆ. ನಾರಿನ ಪಾಲಿಗೆ ಇದು ಕೃಪೆಯ ಮಾತು. ಆದರೆ ನಾರಿಲ್ಲದೆ ಹೂವು ಹಾರವಾಗುವುದೆಂತು? ಚಲಚ್ಚಿತ್ರ ಪ್ರಪಂಚದಲ್ಲಿ ಸಂಕಲನಕಾರನದು ಈ ನಾರಿನ ಬಾಳು. ಜಪಾನಿನ ಯೋಶಿಯಾಸು ಹಮಾಮುರಾ ಅಂಥವರಲ್ಲೊಬ್ಬರು. ಷೋಚಿಕು ಸಂಸ್ಥೆಗಾಗಿ ಯಾಸುಜಿರೋ ಓಜು ನಿರ್ದೇಶಿಸಿದ ‘ವಸಂತದ ಕೊನೆ’ (1949), ‘ಟೋಕಿಯೋ ಕಥೆ’ (1953) ಮೊದಲಾದ ಚಿತ್ರಗಳನ್ನೂ, 1962ರಲ್ಲಿ ತೆರೆಕಂಡ ಓಜು ಅವರ ಕಡೆಯ ಚಿತ್ರವನ್ನೂ ಸಂಕಲಿಸಿದವರು ಇವರೇ.

ತೆರೆಯ ಮೇಲೆ ಒಂದು ಸೆಕೆಂಡು ಸಾಗಲು 24 ಬಿಡಿಚಿತ್ರಗಳು ಬೇಕು. 108 ನಿಮಿಷಗಳ ‘ವಸಂತದ ಕೊನೆ’ಯಲ್ಲಿ ಅವುಗಳ ಸಂಖ್ಯೆ ಒಂದೂವರೆ ಲಕ್ಷವನ್ನು ಮೀರುತ್ತದೆ. ಫಿಲ್ಮಿನ ಸುರುಳಿಯನ್ನು ಕತ್ತರಿಸಿ, ತುದಿಗೆ ತುದಿಯನ್ನು ಅಂಟಿಸುವುದು ಆ ಕಾಲದ ಸಂಕಲನಕಾರನ ನಿತ್ಯದ ಕಾಯಕ. ಕೈಕೆಲಸವೇನೋ ಸುಲಭ, ಎಲ್ಲಿ ಕತ್ತರಿಸಬೇಕೆಂಬ ವಿವೇಕ ದುರ್ಲಭ. ಒಂದು ದೃಶ್ಯ ಕರಗಿ ಮತ್ತೊಂದರಲ್ಲಿ ಬೆರೆಯುವ ತಂತ್ರವನ್ನು ಓಜು ಬಹುಮಟ್ಟಿಗೆ ತೊರೆದಿದ್ದರು. ಆದುದರಿಂದ ಕತ್ತರಿಯ ತಪ್ಪನ್ನು ಮುಚ್ಚಲು ಪರದೆಯೇ ಇರಲಿಲ್ಲ. ಮಾತು ಮುಗಿದ ಬಳಿಕ ಮುಖ ಎಷ್ಟು ಹೊತ್ತು ನಿಲ್ಲಬೇಕು, ಜನರು ಎದ್ದುಹೋದ ಮೇಲೆ ಬರಿದಾದ ಕೋಣೆ ಎಷ್ಟು ಹೊತ್ತು ಕಾಣಬೇಕು ಎಂಬ ಅಳತೆಯಲ್ಲಿಯೇ ಚಿತ್ರದ ಉಸಿರು ಅಡಗಿತ್ತು.

‘ವಸಂತದ ಕೊನೆ’ಯ ನೊರಿಕೊ ತಂದೆಯನ್ನು ಬಿಟ್ಟು ಮದುವೆಯಾಗಲು ಒಲ್ಲದ ಮಗಳು. ಆಕೆಯ ಬಾಳು ನೆಲೆಗೊಳ್ಳಲೆಂದು, ತಾನು ಮರುಮದುವೆಯಾಗುವೆನೆಂದು ತಂದೆ ಸುಳ್ಳಾಡುತ್ತಾನೆ. ತಂದೆ ಮಗಳು ಕೂಡಿ ಹೊರಟ ಕಡೆಯ ಪ್ರವಾಸದಲ್ಲಿ, ಕ್ಯೋಟೋ ನಗರದ ವಸತಿಗೃಹವೊಂದರಲ್ಲಿ ಇರುಳು ಕಳೆಯುತ್ತಾರೆ. ತಂದೆಗೆ ನಿದ್ರೆ ಹತ್ತಿದೆ. ಮಗಳ ಮುಖದಲ್ಲಿ ಮುಗುಳ್ನಗೆ. ಅಲ್ಲಿಗೆ ಕತ್ತರಿ: ಮಬ್ಬುಗತ್ತಲಲ್ಲಿ ಒಂದು ಹೂದಾನಿ. ಮತ್ತೆ ಕತ್ತರಿ: ಮಗಳ ಮುಖ, ಅಳು ಉಕ್ಕುವಂತಿದೆ. ನಗೆ ಅಳುವಾದ ಗಳಿಗೆಯನ್ನು ಯಾರೂ ಕಾಣಲಿಲ್ಲ. ಕಾಣದುದರಿಂದಲೇ ಅದು ಪ್ರೇಕ್ಷಕನ ಎದೆಯೊಳಗೆ ನಡೆಯಿತು. ಮುಂದೆ ಮದುವೆಯನ್ನಾಗಲಿ, ವರನನ್ನಾಗಲಿ ಚಿತ್ರ ತೋರಿಸುವುದೇ ಇಲ್ಲ.

ಪ್ರತಿಯೊಂದು ದೃಶ್ಯವನ್ನೂ ಮೊದಲೇ ನಿಶ್ಚಯಿಸುತ್ತಿದ್ದ ಓಜು ಅವರ ಕೈಕೆಳಗೆ ಸಂಕಲನಕಾರನ ಪಾಲೆಷ್ಟು ಎಂದು ಕೇಳುವವರುಂಟು. ಓಜು ಅನ್ಯ ಸಂಸ್ಥೆಗಳಿಗಾಗಿ 1959 ಮತ್ತು 1961ರಲ್ಲಿ ತೆಗೆದ ಎರಡು ಚಿತ್ರಗಳನ್ನು ಬೇರೆಯವರು ಸಂಕಲಿಸಿದರು. ಅವುಗಳಲ್ಲಿಯೂ ಓಜು ಅವರ ಮುದ್ರೆ ಅಚ್ಚಳಿಯದೆ ನಿಂತಿದೆ. ಪ್ರಶ್ನೆ ನ್ಯಾಯವಾದುದೇ. ಆದರೆ ತನ್ನ ಗುರುತನ್ನು ಒತ್ತದೆ, ಇನ್ನೊಬ್ಬರ ಉಸಿರಿನ ಲಯವನ್ನು ವರ್ಷಗಟ್ಟಲೆ ಕಾಯುವುದು ಕಿರಿಯ ಸಾಧನೆಯೇ? ಮಗಳ ಬಾಳು ಕೂಡಲೆಂದು ತನ್ನನ್ನು ಅವಳಿಂದ ಕತ್ತರಿಸಿಕೊಂಡ ಆ ತಂದೆಯನ್ನು ಅರಿತವರಿಗೆ ಉತ್ತರ ಕಠಿಣವಲ್ಲ.

ಓಜು ಚಿತ್ರಗಳ ಆರಂಭದಲ್ಲಿ, ಗೋಣಿತಟ್ಟಿನ ಹಿನ್ನೆಲೆಯ ಮೇಲೆ, ಕಲಾವಿದರ ಮತ್ತು ತಂತ್ರಜ್ಞರ ಹೆಸರುಗಳು ಮೂಡುತ್ತವೆ. ಅವುಗಳ ನಡುವೆ ಹಮಾಮುರಾ ಅವರದೂ ಒಂದು. ಅದು ಬಂದು ಮರೆಯಾಗುವಾಗ ಪ್ರೇಕ್ಷಕರು ಇನ್ನೂ ಕತ್ತಲಲ್ಲಿ ತಮ್ಮ ಆಸನಗಳನ್ನು ಹುಡುಕುತ್ತಿರುತ್ತಾರೆ.